ಎದುರುಗೊಳ್ಳುವವರು ಯಾರು?

ಮುಳಬಾಗಿಲು ಎಂಬ ಹೆಸರಿಗೆ ‘ಮೂಡಣ ಬಾಗಿಲು’ ಎಂಬುದೇ ಮೂಲವೆಂದು ಹೇಳುವುದುಂಟು. ಬಾಗಿಲೆಂಬುದು ಬರುವವರಿಗಾಗಿ ಇರತಕ್ಕದ್ದು. ಮನೆಯೊಡೆಯನ ಸ್ಥಾನ ಹೊಸ್ತಿಲ ಒಳಬದಿಯಲ್ಲಿ, ಕೈಮುಗಿದು ನಿಂತು ಬಂದವರನ್ನು ಬರಮಾಡಿಕೊಳ್ಳುವಲ್ಲಿ. ಆದರೆ ಇಂದು ಅದೇ ಮುಳಬಾಗಿಲಿನಲ್ಲಿಯೂ ಕೋಲಾರ, ಮಾಲೂರು, ಶ್ರೀನಿವಾಸಪುರಗಳಲ್ಲಿಯೂ ನಡೆಯುವ ಅನೇಕ ಆರತಕ್ಷತೆಗಳನ್ನು ನೋಡಿದರೆ ಈ ಕ್ರಮವು ತಲೆಕೆಳಗಾಗಿರುವುದು ಕಾಣುತ್ತದೆ. ಕರೆಸಿಕೊಂಡವರು ಮೊದಲು ಬಂದು ಕಾದು ಕುಳಿತಿರುತ್ತಾರೆ. ಕರೆದವರು ಕೊನೆಯಲ್ಲಿ ಬಿಜಯಂಗೈಯುತ್ತಾರೆ.

ಲಗ್ನಪತ್ರಿಕೆಯಲ್ಲಿ ಸಂಜೆ 6-30 ಎಂದು ಅಚ್ಚಾಗಿರುತ್ತದೆ. ಅಲಂಕಾರವೂ ಛಾಯಾಚಿತ್ರಗಳೂ ಮುಗಿದು ವಧೂವರರು ಬರುವಷ್ಟರಲ್ಲಿ 8 ಗಂಟೆ ಕಳೆದಿರುತ್ತದೆ. ಆಗ ಮಂಟಪದ ದೀಪಗಳನ್ನು ಆರಿಸುತ್ತಾರೆ. ನೆಲದಿಂದ ಬಿಳಿಯ ಹೊಗೆ ಏಳುತ್ತದೆ, ಇಕ್ಕೆಲಗಳಲ್ಲಿ ಕಿಡಿಗಳ ಕಾರಂಜಿ ಚಿಮ್ಮುತ್ತದೆ, ತಲೆಯ ಮೇಲೆ ಡ್ರೋನು ಗುಂಯ್ಗುಡುತ್ತದೆ, ಎದೆ ನಡುಗಿಸುವ ಹಾಡಿನ ನಡುವೆ ದಂಪತಿಗಳು ಕುಣಿಯುತ್ತಲೋ ರಥದ ಮೇಲೆ ನಿಂತೋ ಪ್ರವೇಶಿಸುತ್ತಾರೆ. ಇದಕ್ಕೆ ‘ಗ್ರ್ಯಾಂಡ್ ಎಂಟ್ರಿ’ ಎಂದು ಹೆಸರು. ಈ ಸೀಮೆಯಲ್ಲಿ ಆರತಕ್ಷತೆಯು ಸಾಮಾನ್ಯವಾಗಿ ಮುಹೂರ್ತದ ಹಿಂದಿನ ಸಂಜೆಯೇ ನಡೆಯುವುದರಿಂದ, ಮಾಂಗಲ್ಯ ಕಟ್ಟುವುದಕ್ಕೆ ಮೊದಲೇ ಈ ವಿಜಯೋತ್ಸವ ಮುಗಿದುಹೋಗಿರುತ್ತದೆ ಎಂಬುದು ಬೇರೆಯ ವಿಷಯ.

ಆರತಿ ಮತ್ತು ಅಕ್ಷತೆ ಎಂಬ ಎರಡು ಮಾತುಗಳು ಸೇರಿ ಆರತಕ್ಷತೆಯಾಯಿತು. ಇವೆರಡನ್ನೂ ಮಾಡತಕ್ಕವರು ಬಂದ ಹಿರಿಯರು, ಬಂಧುಗಳು, ನೆರೆಹೊರೆಯವರು. ಕಾಳನ್ನು ಹಿಡಿದ ಆ ಕೈಗಳೇ ಸಮಾರಂಭದ ಪ್ರಾಣ. ಶ್ರೀನಿವಾಸಪುರದ ಮಾವಿನ ತೋಪುಗಳ ನಡುವಣ ಒಂದು ಹಳ್ಳಿಯಿಂದ ವೃದ್ಧನೊಬ್ಬನು ಹೊರಟು ಬಂದನೆಂದಿಟ್ಟುಕೊಳ್ಳಬಹುದು. ವರನ ತಂದೆಯೂ ಅವನೂ ಬಾಲ್ಯದಿಂದ ಒಂದೇ ಕೆರೆಯ ನೀರು ಕುಡಿದವರು. ಕೊನೆಯ ಬಸ್ಸು ತಪ್ಪಿದರೆ ರಾತ್ರಿ ತಂಗಲು ಸ್ಥಳವಿಲ್ಲ. ಅವನು ಎರಡು ಸಲ ಎದ್ದು ಬಾಗಿಲ ಕಡೆ ನೋಡುತ್ತಾನೆ. ಮೂರನೆಯ ಸಲ ಎದ್ದವನು ಅಕ್ಷತೆಯನ್ನು ಪಕ್ಕದವರ ಕೈಗೆ ಕೊಟ್ಟು ಊಟವನ್ನೂ ಮಾಡದೆ ಹೊರಟುಬಿಡುತ್ತಾನೆ. ಹೊಗೆಯೂ ಕಿಡಿಯೂ ಎದ್ದಾಗ ಅವನು ಬಸ್ ನಿಲ್ದಾಣದಲ್ಲಿರುತ್ತಾನೆ. ಅವನಿಗೆ ಆದದ್ದು ಅವಮಾನವೆಂದು ಯಾರೂ ಭಾವಿಸಿರಲಿಕ್ಕಿಲ್ಲ. ಅವನು ಬಂದಿದ್ದನೆಂಬುದೇ ಅನೇಕರಿಗೆ ತಿಳಿದಿರಲಿಕ್ಕಿಲ್ಲ.

ಶರಣರ ಮಾರ್ಗದಲ್ಲಿ ದಾನಕ್ಕೂ ದಾಸೋಹಕ್ಕೂ ಭೇದವನ್ನು ಕಲ್ಪಿಸಿದ್ದು ಈ ಒಂದು ಸೂಕ್ಷ್ಮಕ್ಕಾಗಿಯೇ. ದಾನದಲ್ಲಿ ಕೊಡುವವನ ಕೈ ಮೇಲಿರುತ್ತದೆ; ‘ನಾನು ದಾಸನು’ ಎಂಬ ಭಾವದಿಂದ ಮಾಡುವ ದಾಸೋಹದಲ್ಲಿ ಕೊಡುವವನಿಗೆ ಮೇಲೆಂಬುದೇ ಇಲ್ಲ. ಸಾವಿರ ಎಲೆ ಹಾಕಿಸಿ ಬಗೆಬಗೆಯ ಭಕ್ಷ್ಯಗಳನ್ನು ಬಡಿಸಿದರೂ, ಬಂದವರನ್ನು ಪ್ರೇಕ್ಷಕರನ್ನಾಗಿ ಕೂರಿಸಿದ ಮನೆಯವರು ಅನ್ನದಾನ ಮಾಡಿದಂತಾದೀತೇ ಹೊರತು ದಾಸೋಹ ಮಾಡಿದಂತಾಗದು.

ಇಲ್ಲಿ ಒಂದು ಆಕ್ಷೇಪವುಂಟು. ದೇವರಿಗೇ ಕಲ್ಯಾಣೋತ್ಸವ ಮೆರವಣಿಗೆಗಳಿರುವಾಗ, ಕೋಲಾರದ ಸೋಮೇಶ್ವರನಿಗೆ ಕುಸುರಿ ಕೆತ್ತನೆಯ ಕಲ್ಯಾಣಮಂಟಪವನ್ನೇ ವಿಜಯನಗರದ ಕಾಲದಲ್ಲಿ ಕಟ್ಟಿಸಿರುವಾಗ, ಮನುಷ್ಯನು ಒಂದು ದಿನ ಮೆರೆದರೆ ಏನು ತಪ್ಪು ಎಂದು ಕೇಳಬಹುದು. ಶಿವನ ಮದುವೆಯ ಪುರಾಣಕಥೆಯನ್ನು ಬಲ್ಲವರು ಈ ಪ್ರಶ್ನೆಗೆ ನಕ್ಕಾರು. ಮಾವನ ಮನೆಗೆ ಅವನು ಬಂದದ್ದು ಬೂದಿ ಬಳಿದುಕೊಂಡು, ಎತ್ತನ್ನೇರಿ, ಭೂತಗಣಗಳೊಡನೆ. ನೋಡಿದ ಅತ್ತೆ ಮೂರ್ಛೆ ಹೋದಳು. ಕಲ್ಯಾಣದಲ್ಲಿ ಮಧುವರಸನ ಮಗಳಿಗೂ ಹರಳಯ್ಯನ ಮಗನಿಗೂ ನಡೆದ ವಿವಾಹವನ್ನಂತೂ ಮರೆಯುವ ಹಾಗಿಲ್ಲ. ಬ್ರಾಹ್ಮಣ ಕುಲದಿಂದ ಬಂದ ಶರಣನೂ ಸಮಗಾರ ಕುಲದಿಂದ ಬಂದ ಶರಣನೂ ಬೀಗರಾದ ಆ ಮದುವೆಯ ತರುವಾಯ ನಗರದ ಬೀದಿಗಳಲ್ಲಿ ನಡೆದದ್ದು ವಧೂವರರ ಮೆರವಣಿಗೆಯಲ್ಲ; ಇಬ್ಬರು ತಂದೆಯರನ್ನು ಆನೆಯ ಕಾಲಿಗೆ ಕಟ್ಟಿ ಎಳೆಸಿದರೆಂದು ಪರಂಪರೆ ಹೇಳುತ್ತದೆ. ಹನ್ನೆರಡನೆಯ ಶತಮಾನದ ಆ ಮದುವೆಯ ವೈಭವವೇನೆಂದು ಯಾರೂ ನೆನೆಯುವುದಿಲ್ಲ. ಯಾರು ಯಾರನ್ನು ಬೀಗರೆಂದು ಬರಮಾಡಿಕೊಂಡರು ಎಂಬುದು ಮಾತ್ರ ಉಳಿದಿದೆ.

ಎರಡನೆಯ ಆಕ್ಷೇಪ ಇದಕ್ಕಿಂತ ಗಟ್ಟಿಯಾದುದು. ಉತ್ತರಪ್ರದೇಶದ ಕಾಸ್‌ಗಂಜ್ ಜಿಲ್ಲೆಯ ನಿಜಾಮಪುರದಲ್ಲಿ 2018ರ ಜುಲೈ ತಿಂಗಳಲ್ಲಿ ದಲಿತ ವರನೊಬ್ಬನ ದಿಬ್ಬಣವು ಪೋಲೀಸರ ಕಾವಲಿನಲ್ಲಿ ಊರೊಳಗೆ ಸಾಗಬೇಕಾಯಿತು. ತಿಂಗಳುಗಟ್ಟಲೆ ಹೋರಾಡಿ ಪಡೆದ ಹಕ್ಕು ಅದು. ಬೀದಿಯಲ್ಲಿ ತಲೆಯೆತ್ತಿ ನಡೆಯುವುದನ್ನೇ ತಲೆಮಾರುಗಳಿಂದ ತಡೆಯಲ್ಪಟ್ಟವರಿಗೆ ಸರಳತೆಯನ್ನು ಬೋಧಿಸುವುದು ಅನ್ಯಾಯ. ಅವರ ಮೆರವಣಿಗೆಯು ಡಂಭವಲ್ಲ, ಬಹುಕಾಲ ಸಲ್ಲದೆ ಉಳಿದ ಬಾಕಿ. ಆದುದರಿಂದ ಸರಳ ಪ್ರವೇಶದ ಮಾತನ್ನು ಮೊದಲು ಕೇಳಬೇಕಾದವರು ಯಾವ ಬೀದಿಯಲ್ಲಿಯೂ ಎಂದೂ ತಡೆಯಿಲ್ಲದೆ ನಡೆದವರು. ಟೊಮೇಟೊ ಧಾರಣೆ ಏರಿದ ವರ್ಷ ಕಾರಂಜಿಗೆ ಮುಂಗಡ ಕೊಟ್ಟು, ಇಳಿದ ವರ್ಷ ಕೊಳವೆಬಾವಿಯ ಸಾಲದ ಮೇಲೆ ಮದುವೆಯ ಸಾಲವನ್ನೂ ಹೊರುವ ನೆರೆಯವನಿಗೆ ಮೇಲ್ಪಂಕ್ತಿಯಾದವರು.

ಸರಳವೆಂದರೆ ನೀರಸವೆಂದು ಭಾವಿಸಬೇಕಾಗಿಲ್ಲ. ವಧೂವರರು ತಂದೆತಾಯಿಗಳೊಡನೆ ಮಂಟಪದ ಬಾಗಿಲಲ್ಲಿಯೇ ನಿಂತು ಮೊದಲ ಅರ್ಧಗಂಟೆ ಬಂದವರಿಗೆಲ್ಲ ತಾವೇ ಪನ್ನೀರು ಚಿಮುಕಿಸಿ ಕಲ್ಲುಸಕ್ಕರೆ ಕೊಡಬಹುದು. ಆಗ ಪ್ರವೇಶವು ಬಂದವರದೇ ಆಗುತ್ತದೆ. ಇಲ್ಲವೆ ಮೊದಲ ಅತಿಥಿ ಬರುವುದಕ್ಕೆ ಮುಂಚೆಯೇ ವೇದಿಕೆಯಲ್ಲಿ ಕುಳಿತಿರಬಹುದು. ಸಂಕೋಚ ಸ್ವಭಾವದ ಕನ್ಯೆಗೆ ಸಾವಿರ ಕಣ್ಣುಗಳ ನಡುವೆ ನಡೆದುಬರುವ ಹಿಂಸೆ ತಪ್ಪುತ್ತದೆ. ಎಷ್ಟೋ ಹೆಣ್ಣುಮಕ್ಕಳು ಇದನ್ನು ಬಾಯಿಬಿಟ್ಟು ಹೇಳುವುದಿಲ್ಲ. ಮೊದಲ ಪಂಕ್ತಿಗೆ ಇಬ್ಬರೂ ಸೇರಿ ಒಂದು ಸಿಹಿಯನ್ನು ಬಡಿಸಬಹುದು. ನಡೆದೇ ಬರಬೇಕೆಂದಿದ್ದರೆ ದೀಪ ಆರಿಸದೆ, ನಾದಸ್ವರದೊಡನೆ, ಜನರ ನಡುವಿನಿಂದ ಹಿರಿಯರ ಕೈಹಿಡಿದು ಬರಬಹುದು.

ಯಾವ ಹಿರಿಯರ ಕೈ ಎಂಬುದು ಇಲ್ಲಿ ಮುಖ್ಯ. ಆರತಿಗೆ ಮುತ್ತೈದೆಯರು ಬೇಕೆಂಬ ಕಾರಣದಿಂದ, ಕೂಲಿನಾಲಿ ಮಾಡಿ ಮಗಳನ್ನು ಸಾಕಿ ಓದಿಸಿದ ವಿಧವೆ ತಾಯಿಯು ಆ ಹೊತ್ತಿನಲ್ಲಿ ಕಂಬದ ಮರೆಗೆ ಸರಿದು ನಿಲ್ಲುವುದು ಇಂದಿಗೂ ನಡೆಯುತ್ತಿದೆ. ಹೊಗೆ ಬಿಡುವ ಯಂತ್ರಕ್ಕೆ ವೇದಿಕೆಯ ಮುಂದೆ ಸ್ಥಳವುಂಟು, ಹೆತ್ತವಳಿಗಿಲ್ಲ. ಅಂಗದ ಮೇಲೆ ಲಿಂಗವನ್ನು ಧರಿಸಿದವರಲ್ಲಿ ಮಂಗಲ ಅಮಂಗಲವೆಂಬ ಭೇದ ಎಲ್ಲಿಂದ ಬಂದಿತು? ಮಗಳು ತಾಯಿಯ ಕೈಹಿಡಿದು ಬಾಗಿಲಿನಿಂದ ವೇದಿಕೆಯವರೆಗೆ ಇಪ್ಪತ್ತು ಹೆಜ್ಜೆ ನಡೆದರೆ ಸಾಕು. ಅದಕ್ಕೆ ತಗಲುವ ವೆಚ್ಚವೇನೂ ಇಲ್ಲ. ನೆಂಟರ ಪೈಕಿ ನಾಲ್ವರು ಗೊಣಗಿಯಾರು, ಅಷ್ಟೆ.

ಇದೆಲ್ಲ ಅಸಾಧ್ಯವೆನ್ನುವವರು 2020ನೆಯ ಇಸವಿಯನ್ನು ನೆನೆಯಬಹುದು. ಮಹಾಮಾರಿಯ ಕಾಲದಲ್ಲಿ ಮದುವೆಗೆ 50 ಜನರನ್ನು ಮೀರಬಾರದೆಂದು ಸರ್ಕಾರ ವಿಧಿಸಿದಾಗ, ಮನೆಯಂಗಳಗಳಲ್ಲಿ ಚಪ್ಪರ ಹಾಕಿ ಎಷ್ಟೋ ವಿವಾಹಗಳು ನೆರವೇರಿದವು. ಅದಕ್ಕೂ ಬಹಳ ಹಿಂದೆ, 1966ರಲ್ಲಿ, ಕುವೆಂಪು ಅವರು ಮಗ ಪೂರ್ಣಚಂದ್ರ ತೇಜಸ್ವಿಯವರ ವಿವಾಹವನ್ನು ಮಂತ್ರಮಾಂಗಲ್ಯದ ಸರಳ ಕ್ರಮದಲ್ಲಿ ನೆರವೇರಿಸಿದ್ದರು. ಧರ್ಮಸ್ಥಳದಲ್ಲಿ 1972ರಿಂದ ನಡೆದುಬಂದ ಸಾಮೂಹಿಕ ವಿವಾಹಗಳಲ್ಲಿ ಯಾವ ಒಂದು ಜೋಡಿಗೂ ಬೇರೆಯಾದ ಪ್ರವೇಶವೆಂಬುದಿಲ್ಲ.

ಇವನ್ನೆಲ್ಲ ಮಂಟಪದಲ್ಲಿ ನಿಂತು ತೀರ್ಮಾನಿಸಲಾಗದು. ಅಲಂಕಾರದವರಿಗೂ ಛಾಯಾಚಿತ್ರದವರಿಗೂ ಮುಂಗಡ ಕೊಡುವುದಕ್ಕೆ ಮೊದಲು, ನಿಶ್ಚಿತಾರ್ಥದ ದಿನವೇ, ಎರಡು ಕಡೆಯ ಬೀಗರೂ ಕುಳಿತು ಮಾತನಾಡಬೇಕಾದ ವಿಷಯವಿದು. ಹುಡುಗಿಯನ್ನೂ ಕರೆದು ಕೇಳಬೇಕು. ಲಗ್ನಪತ್ರಿಕೆಯಲ್ಲಿ 6-30 ಎಂದು ಅಚ್ಚು ಹಾಕಿಸುವುದಾದರೆ 6-30ಕ್ಕೆ ಬಾಗಿಲಲ್ಲಿ ಯಾರು ಯಾರು ನಿಂತಿರುತ್ತಾರೆ, ಹಳ್ಳಿಗಳ ಕಡೆಗೆ ಹೊರಡುವ ಕೊನೆಯ ಬಸ್ಸು ಎಷ್ಟು ಹೊತ್ತಿಗೆ ಎಂಬುದನ್ನೂ ಆಗಲೇ ವಿಚಾರಿಸಿಕೊಂಡಿರಬೇಕು.