ಗಾಡಿತಳದ ಕವಲು

ಸಮಾಂತರ ವಿಶ್ವಗಳ ಭೌತಶಾಸ್ತ್ರಕ್ಕೆಂದೇ ಒಂದು ಸಂಶೋಧನಾ ಪತ್ರಿಕೆ ಇದೆ ಎಂದುಕೊಳ್ಳಿ. ಸಂಪಾದಕ ಮಂಡಳಿ, ಲೇಖನಗಳನ್ನು ಒರೆಗೆ ಹಚ್ಚುವ ಪರಿಣತರು, ಮೂರು ತಿಂಗಳಿಗೊಂದು ಸಂಚಿಕೆ, ಎಲ್ಲವೂ ಸಾಂಗವಾಗಿ. ಅದರ ಕಚೇರಿ ಎಲ್ಲಿರಬೇಕು ಎಂದು ಕೇಳಿದರೆ ನಾನು ಪುಣೆಯ ಹಡಪಸರ ಎನ್ನುತ್ತೇನೆ. ಅಲ್ಲೂ ಗಾಡಿತಳದ ಹತ್ತಿರವೇ.

ಪಂಢರಪುರ ಯಾತ್ರೆಯ, ಅಂದರೆ ಆಷಾಢದ ವಾರಿಯ ಹೊತ್ತಿಗೆ ಅಲ್ಲಿ ನಿಂತು ನೋಡಿದವರಿಗೆ ಕಾರಣ ಹೇಳಬೇಕಿಲ್ಲ. ಆಳಂದಿಯಿಂದ ಹೊರಟ ಜ್ಞಾನೇಶ್ವರರ ಪಲ್ಲಕ್ಕಿ, ದೇಹೂವಿನಿಂದ ಹೊರಟ ತುಕಾರಾಮರ ಪಲ್ಲಕ್ಕಿ, ಎರಡೂ ಪುಣೆಯಲ್ಲಿ ಮುಕ್ಕಾಂ ಮಾಡಿ ಹಡಪಸರದವರೆಗೆ ಒಂದೇ ದಾರಿಯಲ್ಲಿ ಬರುತ್ತವೆ. ಇಲ್ಲಿ ದಾರಿ ಎರಡಾಗುತ್ತದೆ. ತುಕಾರಾಮರದು ಸೊಲ್ಲಾಪುರ ರಸ್ತೆ ಹಿಡಿದು ಲೋಣಿ ಕಾಳಭೋರಕ್ಕೆ, ಜ್ಞಾನೇಶ್ವರರದು ದಿವೆ ಘಾಟ್ ಹತ್ತಿ ಸಾಸವಡಕ್ಕೆ. ಒಟ್ಟಿಗೆ ಕೇಳುತ್ತಿದ್ದ ತಾಳ ಮೃದಂಗ ಎರಡು ಕಡೆಗೆ ಹಂಚಿಹೋಗುತ್ತದೆ. ಮುಂದೆ ಅವುಗಳ ಊರು ಬೇರೆ, ಮಳೆ ಬೇರೆ, ಅನ್ನ ಹಾಕುವ ಕೈ ಬೇರೆ. ಮತ್ತೆ ಒಟ್ಟಾಗುವುದು ಪಂಢರಪುರದ ಬಾಗಿಲಲ್ಲಿ, ವಾಖರಿಯಲ್ಲಿ. ಈ ಸೊಲ್ಲಾಪುರ ರಸ್ತೆ ಕನ್ನಡ ನಾಡಿನ ರಸ್ತೆಯೂ ಹೌದು. ಕಲಬುರಗಿ, ವಿಜಯಪುರದ ಕಡೆಯಿಂದ ದುಡಿಯಲು ಬಂದವರು ಪುಣೆಯನ್ನು ಮೊದಲು ಕಾಣುವುದು ಇದೇ ದಾರಿಯಲ್ಲಿ. ಅಂದು ಆ ಬಸ್ಸು ಹತ್ತದೆ ಊರಲ್ಲೇ ಉಳಿದಿದ್ದರೆ ಎಂದು ಒಮ್ಮೆಯಾದರೂ ಯೋಚಿಸದವರು ಅವರಲ್ಲಿ ಇರಲಾರರು.

ಆ ಯೋಚನೆಗೆ ಸಮೀಕರಣದ ಬೆಂಬಲ ಒದಗಿಸಿದವನು ಹ್ಯೂ ಎವರೆಟ್. ಪ್ರಿನ್ಸ್‌ಟನ್ನಿನಲ್ಲಿ ಓದಿದ 26 ವರ್ಷದ ತರುಣ. 1957ರ ಜುಲೈನಲ್ಲಿ 'ರಿವ್ಯೂಸ್ ಆಫ್ ಮಾಡರ್ನ್ ಫಿಸಿಕ್ಸ್' ಎಂಬ ಘನವಾದ ಪತ್ರಿಕೆಯಲ್ಲಿ ಅವನ ಒಂಬತ್ತು ಪುಟದ ಲೇಖನ ಬಂತು. ನಾನು ಕಲ್ಪಿಸಿಕೊಂಡ ಪತ್ರಿಕೆಯ ಮೊದಲ ಲೇಖನ ಅದೇ ಎನ್ನಬೇಕು. ಎವರೆಟ್ ಹೊಸದೇನನ್ನೂ ಸೇರಿಸಲಿಲ್ಲ, ಇದ್ದದ್ದನ್ನು ನಂಬಿದ. ಕ್ವಾಂಟಂ ಭೌತಶಾಸ್ತ್ರದ ಶ್ರೋಡಿಂಗರ್ ಸಮೀಕರಣದ ಪ್ರಕಾರ ಒಂದು ಕಣಕ್ಕೆ ಎರಡು ದಾರಿಯಿದ್ದರೆ ಎರಡೂ ಲೆಕ್ಕದಲ್ಲಿ ಉಳಿಯುತ್ತವೆ. ನಾವು ಅಳೆದು ನೋಡಿದಾಗ ಸಿಗುವುದು ಮಾತ್ರ ಒಂದೇ. ಇನ್ನೊಂದು ಅಲ್ಲಿಗೆ ಅಳಿಯಿತು ಎಂದು ಆಗಿನ ಪಾಠ ಹೇಳುತ್ತಿತ್ತು. ಹೇಗೆ ಅಳಿಯಿತು ಎಂಬುದಕ್ಕೆ ಸಮೀಕರಣದಲ್ಲಿ ಉತ್ತರವಿಲ್ಲ. ಅಳಿಯಿತು ಎಂದೇಕೆ ಹೇಳಬೇಕು ಎಂದು ಎವರೆಟ್ ಕೇಳಿದ. ಎರಡೂ ಮುಂದುವರಿಯುತ್ತವೆ, ನೋಡುವವನೂ ಎರಡಾಗುತ್ತಾನೆ, ಒಬ್ಬನಿಗೆ ಇನ್ನೊಬ್ಬನ ಸುಳಿವು ಹತ್ತುವುದಿಲ್ಲ, ಅಷ್ಟೆ.

ಆ ಸಂಚಿಕೆಯ ಸಂಪಾದಕ ಬ್ರೈಸ್ ಡಿವಿಟ್‌ಗೆ ಇದು ಗಂಟಲಲ್ಲಿ ಇಳಿಯಲಿಲ್ಲ. ನಾನು ಸೀಳಿ ಎರಡಾಗುತ್ತಿರುವುದು ನನ್ನ ಅನುಭವಕ್ಕೇ ಬರುವುದಿಲ್ಲವಲ್ಲ ಎಂದು ಅವರು ಆಕ್ಷೇಪಿಸಿದರು. ಎವರೆಟ್ ಅಚ್ಚಿನ ಹಂತದಲ್ಲಿ ಒಂದು ಅಡಿಟಿಪ್ಪಣಿ ಸೇರಿಸಿದ. ಭೂಮಿ ತಿರುಗುವುದು ನಮ್ಮ ಅನುಭವಕ್ಕೆ ಬರುವುದಿಲ್ಲ ಎಂದು ಕೊಪರ್ನಿಕಸ್‌ನನ್ನೂ ಟೀಕಿಸಿದ್ದರು. ಅದು ಯಾಕೆ ಅನುಭವಕ್ಕೆ ಬರುವುದಿಲ್ಲ ಎಂಬುದನ್ನೂ ಭೌತಶಾಸ್ತ್ರವೇ ವಿವರಿಸಿತು ಎಂಬುದು ಅದರ ತಾತ್ಪರ್ಯ. ಈ ಅಡಿಟಿಪ್ಪಣಿಯನ್ನು ನೆನೆದಾಗಲೆಲ್ಲ ನನಗೆ ಮೈ ಜುಮ್ಮೆನ್ನುತ್ತದೆ. ಕಾಲ ಕೆಳಗಿನ ನೆಲ ಓಡುತ್ತಿದ್ದರೂ ಚಹಾದ ಲೋಟ ತುಳುಕುವುದಿಲ್ಲ. ಹಾಗಿದ್ದ ಮೇಲೆ ನಮ್ಮ ಅನುಭವಕ್ಕೆ ಬಾರದೆ ಇನ್ನೂ ಏನೇನು ನಡೆದಿರಬಹುದು! ಡಿವಿಟ್ ಒಲಿದರು. 1970ರಲ್ಲಿ ಈ ವಿಚಾರವನ್ನು ಲೋಕಕ್ಕೆ ಸಾರಿದವರೂ ಅವರೇ. ಎವರೆಟ್ ಮಾತ್ರ ಅಷ್ಟರಲ್ಲಿ ಭೌತಶಾಸ್ತ್ರ ಬಿಟ್ಟು ಅಮೆರಿಕದ ಸೇನೆಗೆ ಲೆಕ್ಕಾಚಾರ ಮಾಡಿಕೊಡುವ ಕೆಲಸ ಹಿಡಿದಿದ್ದ. 1982ರಲ್ಲಿ, 51ನೇ ವಯಸ್ಸಿಗೆ ತೀರಿಕೊಂಡ.

ಇದೆಲ್ಲ ಬರೀ ಊಹೆ ಎಂದು ಪಕ್ಕಕ್ಕಿಡಲು ಪ್ರಯೋಗಗಳು ಬಿಡುವುದಿಲ್ಲ. ಎಲೆಕ್ಟ್ರಾನಿನ ಎದುರು ಎರಡು ಸೀಳು ಇಟ್ಟರೆ ಅದರ ಎರಡು ದಾರಿಗಳೂ ಪಲ್ಲಕ್ಕಿಗಳಂತೆ ತಮ್ಮ ವಾಖರಿಯಲ್ಲಿ ಕೂಡುತ್ತವೆ; ಕೂಡಿದ ಗುರುತು ಪರದೆಯ ಮೇಲೆ ಪಟ್ಟೆಪಟ್ಟೆಯಾಗಿ ಬೀಳುತ್ತದೆ. 1999ರಲ್ಲಿ ವಿಯೆನ್ನಾದ ವಿಜ್ಞಾನಿಗಳು 60 ಇಂಗಾಲದ ಪರಮಾಣುಗಳ ಇಡೀ ಅಣುವಿನಲ್ಲಿ ಇದನ್ನು ಕಂಡರು. 2019ರಲ್ಲಿ ಸುಮಾರು 2000 ಪರಮಾಣುಗಳ ಅಣುವಿನಲ್ಲಿ ಕಂಡರು. ಕಲ್ಲು, ಮರ, ಮನುಷ್ಯರಲ್ಲಿ ಕಾಣುವುದಿಲ್ಲ. ಗಾಳಿ, ಬೆಳಕು, ಶಾಖ ಎಲ್ಲವೂ ಬಂದು ಮುಟ್ಟುವುದರಿಂದ ಕವಲೊಡೆದ ದಾರಿಗಳು ಮತ್ತೆ ಕೂಡುವ ಶಕ್ತಿ ಕಳೆದುಕೊಳ್ಳುತ್ತವೆ. ಆದರೆ ಇಂತಿಷ್ಟು ದೊಡ್ಡದಾದ ಮೇಲೆ ಕವಲೇ ಒಡೆಯುವುದಿಲ್ಲ ಎಂಬ ಗೆರೆ ಸಮೀಕರಣದಲ್ಲಿ ಎಲ್ಲೂ ಇಲ್ಲ. ಎವರೆಟ್‌ನ ವಾದ ಒಪ್ಪದ ಭೌತವಿಜ್ಞಾನಿಗಳು ಬಹಳ ಮಂದಿ ಇದ್ದಾರೆ. ಅವರೂ ಈ ಪಟ್ಟೆಗಳನ್ನು ಅಲ್ಲಗಳೆಯುವುದಿಲ್ಲ, ಅರ್ಥ ಬೇರೆ ಹೇಳುತ್ತಾರೆ.

ಪುಣೆಗೂ ಈ ವಿಚಾರಕ್ಕೂ ಹಳೆಯ ನಂಟಿದೆ. ಇಲ್ಲಿನ ಐಯುಕಾ ಖಗೋಳ ಸಂಶೋಧನಾ ಸಂಸ್ಥೆಯನ್ನು ಕಟ್ಟಿದ ವಿಜ್ಞಾನಿ ಜಯಂತ ನಾರ್ಳೀಕರ್ ಬರೆದ ಒಂದು ಕಥೆಯಲ್ಲಿ ಪುಣೆಯ ಇತಿಹಾಸದ ಪ್ರಾಧ್ಯಾಪಕ ಗಂಗಾಧರಪಂತ ಗಾಯತೊಂಡೆ ಒಂದು ಅಪಘಾತದ ಗಳಿಗೆಯಲ್ಲಿ ಇನ್ನೊಂದು ಇತಿಹಾಸದೊಳಗೆ ಜಾರುತ್ತಾರೆ. ಅಲ್ಲಿ ಪಾಣಿಪತ್ ಯುದ್ಧವನ್ನು ಮರಾಠರು ಗೆದ್ದಿದ್ದಾರೆ. ಪೇಶ್ವೆಯ ಮಗ ವಿಶ್ವಾಸರಾಯನ ಪ್ರಾಣ ತೆಗೆದ ಗುಂಡು ಅಲ್ಲಿ ಅವನ ಕಿವಿಯ ಪಕ್ಕದಿಂದ ಹಾದುಹೋಗಿದೆ. ಪ್ರಾಧ್ಯಾಪಕರು ಮರಳಿದಾಗ ಕೈಯಲ್ಲಿ ಉಳಿದದ್ದು ಅಲ್ಲಿನ ಬಖರಿನ, ಅಂದರೆ ಮರಾಠಿ ಇತಿಹಾಸ ಗ್ರಂಥದ, ಒಂದು ಹರಿದ ಹಾಳೆ. ನಮ್ಮ ಬಖರಿನ ಅದೇ ಪುಟವನ್ನು ಅದರ ಪಕ್ಕಕ್ಕಿಟ್ಟರೆ ಒಂದರಲ್ಲಿ ಗುಂಡು ತಗುಲಿದೆ, ಇನ್ನೊಂದರಲ್ಲಿ ತಗುಲಿಲ್ಲ. ನಾರ್ಳೀಕರ್ ಸಾಕ್ಷ್ಯವಿಲ್ಲದೆ ಏನನ್ನೂ ಒಪ್ಪುವವರಾಗಿರಲಿಲ್ಲ. ಫಲಜ್ಯೋತಿಷ್ಯವನ್ನೂ ಜಾತಕಗಳನ್ನು ಕೂಡಿಹಾಕಿ ಅಂಕಿಸಂಖ್ಯೆಯ ಪರೀಕ್ಷೆಗೆ ಒಡ್ಡಿದವರು. ಕಥೆಯಲ್ಲೂ ಅವರು ಸಾಕ್ಷ್ಯ ಬಿಡಲಿಲ್ಲ. ಆ ಹಾಳೆ ನನ್ನ ಪತ್ರಿಕೆಗೆ ಬಂದರೆ ಪರಿಣತರು ಏನು ಮಾಡಬೇಕು? ಕಾಗದ ಪರೀಕ್ಷಿಸಬಹುದು, ಶಾಯಿ ಪರೀಕ್ಷಿಸಬಹುದು. ಅದು ಬಂದ ಲೋಕಕ್ಕೆ ಹೋಗಿ ಕೇಳಿಕೊಂಡು ಬರುವಂತಿಲ್ಲ. ಅಂಥ ಹಾಳೆ ಕವಲು ದಾಟಿ ಬರಲಾರದು ಎಂದೇ ಇವತ್ತಿನ ಭೌತಶಾಸ್ತ್ರ ಹೇಳುತ್ತದೆ. ಅದಕ್ಕೇ ಅದು ಕಥೆ.

ಪಾಣಿಪತ್ತಿನ ಈ ಕವಲಿನಲ್ಲಿ ಕನ್ನಡಿಗರ ಪಾಲೂ ಇದೆ. 1760ರ ಆಗಸ್ಟಿನಲ್ಲಿ ಒಂದು ಕಾಲದ ತನ್ನ ಸಹಾಯಕ ಖಂಡೇರಾಯನ ಸಂಚಿಗೆ ಸಿಕ್ಕಿ ಹೈದರಾಲಿ ಹೆಂಡತಿ ಮಕ್ಕಳನ್ನು ಶ್ರೀರಂಗಪಟ್ಟಣದಲ್ಲೇ ಬಿಟ್ಟು ರಾತ್ರೋರಾತ್ರಿ ಓಡಿಹೋಗಬೇಕಾಯಿತು. ಹಿಂದೆ ಉಳಿದವರಲ್ಲಿ ಬಾಲಕ ಟಿಪ್ಪುವೂ ಇದ್ದ. ಖಂಡೇರಾಯನ ಬೆನ್ನಿಗೆ ಮರಾಠರ ದಂಡಿತ್ತು. ಹೈದರನ ಕಥೆ ಮುಗಿಯಿತು ಎನ್ನುವ ಹಾಗಿತ್ತು. ಆದರೆ ಮರಾಠರು ಇದ್ದಕ್ಕಿದ್ದಂತೆ ರಾಜಿ ಮಾಡಿಕೊಂಡು ಹಿಂದಿರುಗಿದರು. ಆ ಅವಸರದ ಹಿಂದೆ 1761ರ ಜನವರಿ 14ರ ಪಾಣಿಪತ್ ಸೋಲಿತ್ತು ಎನ್ನುತ್ತಾರೆ ಇತಿಹಾಸಕಾರರು. ಅದೇ ವರ್ಷ ಮೈಸೂರು ಹೈದರನ ಕೈಗೆ ಬಂತು. ಗುಂಡು ಕಿವಿಯ ಪಕ್ಕದಿಂದ ಹಾದುಹೋಗಿದ್ದರೆ ಲಾಲ್‌ಬಾಗ್ ಬೆಳೆಯುತ್ತಿತ್ತೋ ಇಲ್ಲವೋ. ಟಿಪ್ಪು ಹರಡಿದ ರೇಷ್ಮೆ, 1799ರ ಕೋಟೆಯ ಕಾಳಗ, ಮುಂದೆ ಒಡೆಯರಿಗೆ ಮರಳಿದ ರಾಜ್ಯ, ಇವುಗಳಲ್ಲಿ ಯಾವುದು ಉಳಿಯುತ್ತಿತ್ತು ಎಂದು ಯಾರು ಹೇಳಬಲ್ಲರು? ಸಾವಿರ ಮೈಲಿಗೂ ಆಚೆಯ ಒಂದು ಗುಂಡಿಗೆ ನಮ್ಮ ಊರುಕೇರಿಗಳು ಹೀಗೆ ತಗುಲಿಕೊಂಡಿವೆ ಎನ್ನುವುದೇ ನನಗೆ ಸಮಾಂತರ ವಿಶ್ವಕ್ಕಿಂತ ದೊಡ್ಡ ಬೆರಗು. ನಡೆದುಹೋದದ್ದು ಹೀಗೇ ನಡೆಯಬೇಕೆಂದೇನೂ ಇರಲಿಲ್ಲ.

ನಾರ್ಳೀಕರ್ 2025ರ ಮೇ 20ರಂದು ಪುಣೆಯಲ್ಲಿ ತೀರಿಕೊಂಡರು. ಅವರ ಈ ಕಥೆ ಎನ್‌ಸಿಇಆರ್‌ಟಿಯ ಹನ್ನೊಂದನೇ ತರಗತಿಯ ಇಂಗ್ಲಿಷ್ ಪಠ್ಯದಲ್ಲಿ ಸೇರಿದೆ. ಮನೆಯಲ್ಲಿ ಆ ವಯಸ್ಸಿನ ಮಕ್ಕಳಿದ್ದರೆ ಅವರ ಜೊತೆ ಕೂತು ನೀವೂ ಓದಿ. ಓದಿ ಮುಗಿಸಿದ ಮೇಲೆ, ಗಂಗಾಧರಪಂತರು ಹೋಗಿಬಂದ ಆ ಲೋಕದ ಶ್ರೀರಂಗಪಟ್ಟಣವನ್ನು ಯಾರು ಆಳುತ್ತಿದ್ದಾರೆ ಎಂದು ಮಕ್ಕಳನ್ನು ಕೇಳಿ ನೋಡಿ.