ಅಪ್ಪನ ವಿಮೆಯ ಹಣ

ಆರ್ಥರ್ ಮಿಲ್ಲರ್ ಅವರ ‘ಡೆತ್ ಆಫ್ ಎ ಸೇಲ್ಸ್‌ಮನ್’ 1949ರಲ್ಲಿ ನ್ಯೂಯಾರ್ಕಿನ ರಂಗಕ್ಕೆ ಬಂತು. ಹತ್ತು ವರ್ಷದ ಮೇಲೆ, 1959ರಲ್ಲಿ, ಲೊರೇನ್ ಹ್ಯಾನ್ಸ್‌ಬೆರಿ ಅವರ ‘ಎ ರೈಸಿನ್ ಇನ್ ದ ಸನ್’ ಬಂತು. ಮೊದಲನೆಯದರ ಕೊನೆಗೆ ಒಬ್ಬ ಅಪ್ಪ ತನ್ನ ವಿಮೆಯ ಹಣ ಮನೆಯವರ ಕೈಸೇರಲಿ ಎಂದು ಪ್ರಾಣ ಬಿಡುತ್ತಾನೆ. ಎರಡನೆಯದು ಶುರುವಾಗುವ ಹೊತ್ತಿಗೆ ಅಪ್ಪ ಆಗಲೇ ತೀರಿಹೋಗಿದ್ದಾನೆ. ಅವನ ವಿಮೆಯ ಚೆಕ್ಕು ಬರುವುದನ್ನು ಮನೆಮಂದಿಯೆಲ್ಲ ಕಾಯುತ್ತಿದ್ದಾರೆ. ಒಂದು ನಾಟಕ ಬಿಟ್ಟ ಎಳೆಯನ್ನು ಇನ್ನೊಂದು ಹಿಡಿದಂತಿದೆ. ಅಮೆರಿಕದ ಈ ಮನೆಗಳಲ್ಲಿ ಪ್ರೀತಿ ಎಷ್ಟೊಂದು ಸಲ ದುಡ್ಡಿನ ವೇಷದಲ್ಲೇ ಬಾಗಿಲು ತಟ್ಟುತ್ತದೆ!

ಮಿಲ್ಲರ್ ಅವರ ವಿಲ್ಲಿ ಲೋಮನ್ ಅರವತ್ತು ದಾಟಿದ, ಊರೂರು ತಿರುಗುವ ಮಾರಾಟಗಾರ. ಕಂಪನಿ ಅವನ ಸಂಬಳ ನಿಲ್ಲಿಸಿ ಬರೀ ಕಮಿಷನ್ನಿಗೆ ಇಳಿಸಿದೆ. ಪಕ್ಕದ ಮನೆಯ ಚಾರ್ಲಿಯಿಂದ ವಾರವಾರ 50 ಡಾಲರ್ ಸಾಲ ತಂದು, ಹೆಂಡತಿ ಲಿಂಡಾಳ ಎದುರು ಅದನ್ನು ತನ್ನ ಸಂಪಾದನೆ ಎನ್ನುತ್ತಾನೆ. ಲಿಂಡಾಳಿಗೆ ಎಲ್ಲವೂ ಗೊತ್ತು. ಗಂಡನ ಮಾನ ಉಳಿಯಲೆಂದು ಸುಮ್ಮನಿದ್ದಾಳೆ. ದೊಡ್ಡ ಮಗ ಬಿಫ್ ಮೂವತ್ತು ದಾಟಿಯೂ ಎಲ್ಲೂ ನೆಲೆ ಕಂಡಿಲ್ಲ. ಕೊನೆಯ ರಾತ್ರಿ ಅಪ್ಪ ಮಗನಿಗೆ ಜೋರು ಜಗಳವಾಗುತ್ತದೆ. ನಾನು ಸಾಧಾರಣ ಮನುಷ್ಯ, ನಿನ್ನ ಕನಸಿನಿಂದ ನನ್ನನ್ನು ಬಿಟ್ಟುಬಿಡು ಎಂದು ಬೇಡುತ್ತ ಬಿಫ್ ಅಪ್ಪನನ್ನು ಹಿಡಿದುಕೊಂಡು ಅಳುತ್ತಾನೆ. ಮಗನಿಗೆ ತನ್ನ ಮೇಲೆ ಪ್ರೀತಿಯಿದೆ ಎಂದು ವಿಲ್ಲಿಗೆ ತಿಳಿಯುವುದು ಆಗಲೇ. ತಿಳಿದು ಮಾಡುವುದೇನು? ಇಂಥ ಮಗನ ಕೈಯಲ್ಲಿ 20,000 ಡಾಲರ್ ಇದ್ದರೆ ಎಷ್ಟು ಎತ್ತರಕ್ಕೆ ಹೋದಾನು ಎಂದು ಹಿಗ್ಗುತ್ತ, ಸಾಯಲೆಂದೇ ಕಾರು ಹತ್ತುತ್ತಾನೆ. ನನ್ನ ಕರುಳು ಹಿಂಡುವುದು ಇಲ್ಲಿ. ಮಗ ಕೊಟ್ಟ ಕಣ್ಣೀರನ್ನು ಕಣ್ಣೀರೆಂದೇ ತೆಗೆದುಕೊಳ್ಳಲು ಆ ಅಪ್ಪನಿಗೆ ಬರಲಿಲ್ಲ. ಅದಕ್ಕೂ ಬೆಲೆ ಕಟ್ಟಿ ತೀರಿಸಲು ಹೊರಟ. ವಿಮಾ ಕಂಪನಿ ಆ ಹಣ ಕೊಟ್ಟಿತೇ ಎಂಬುದನ್ನು ಮಿಲ್ಲರ್ ಹೇಳುವುದೇ ಇಲ್ಲ. ಮನೆಸಾಲದ ಕೊನೆಯ ಕಂತನ್ನು ಮಾತ್ರ ಲಿಂಡಾ ಗಂಡನನ್ನು ಮಣ್ಣು ಮಾಡಿದ ದಿನವೇ ಕಟ್ಟಿರುತ್ತಾಳೆ.

ಯೂಜೀನ್ ಓನೀಲ್ ತಮ್ಮ ಮನೆಯ ಕತೆಯನ್ನೇ ‘ಲಾಂಗ್ ಡೇಸ್ ಜರ್ನಿ ಇಂಟು ನೈಟ್’ ಎಂದು 1941ರಲ್ಲಿ ಬರೆದು ಮುಗಿಸಿ, ತಾವು ಸತ್ತು 25 ವರ್ಷ ಆಗುವ ತನಕ ಅಚ್ಚಾಗಬಾರದು ಎಂದಿದ್ದರು. ಅವರು ತೀರಿಕೊಂಡ ಮೂರು ವರ್ಷಕ್ಕೆ, 1956ರಲ್ಲಿ, ಪತ್ನಿ ಅದನ್ನು ಹೊರತಂದರು. ಅಲ್ಲಿನ ಅಪ್ಪನಿಗೆ ಹಣದ ಕೊರತೆಯಿಲ್ಲ, ಕೈ ಬಿಗಿ. ಬಾಣಂತಿ ಹೆಂಡತಿಗೆ ಕಡಿಮೆ ದುಡ್ಡಿನ ವೈದ್ಯನನ್ನು ಕರೆತಂದದ್ದರಿಂದಲೇ ಅವಳು ಮಾರ್ಫಿನ್ನಿಗೆ ದಾಸಳಾದಳು ಎಂಬ ದೂರು ಮನೆಯಲ್ಲಿ ಮುಗಿಯುವುದೇ ಇಲ್ಲ. ಈಗ ಕ್ಷಯ ಹಿಡಿದ ಮಗನಿಗೂ ಅಗ್ಗದ ಆಸ್ಪತ್ರೆಯನ್ನೇ ಹುಡುಕುತ್ತಾನೆ. ಆದರೆ ಅದೇ ಮಗನೆದುರು, ಹತ್ತನೆಯ ವಯಸ್ಸಿಗೇ ದುಡಿಯಲು ಹೋದ ತನ್ನ ಬಾಲ್ಯವನ್ನು ಅವನಿಂದ ಹೇಳಿಸುತ್ತಾರೆ ಓನೀಲ್. ಬಡತನದ ಹೆದರಿಕೆ ಅವನ ಮೂಳೆಗಿಳಿದಿತ್ತು ಎಂದು ತಿಳಿದ ಮೇಲೆ ಅವನನ್ನು ದ್ವೇಷಿಸುವುದು ನನ್ನಿಂದಾಗಿಲ್ಲ.

ಆಗಸ್ಟ್ ವಿಲ್ಸನ್ ಅವರ ‘ಫೆನ್ಸಸ್’ 1987ರಲ್ಲಿ ಪುಲಿಟ್ಜರ್ ಪಡೆಯಿತು. ಪಿಟ್ಸ್‌ಬರ್ಗಿನಲ್ಲಿ ಕಸ ಎತ್ತುವ ಟ್ರಾಯ್ ಮ್ಯಾಕ್ಸನ್ ಪ್ರತಿ ಶುಕ್ರವಾರ ಸಂಬಳ ತಂದು ಹೆಂಡತಿ ರೋಸಳ ಕೈಗಿಡುತ್ತಾನೆ. ನನ್ನನ್ನು ಕಂಡರೆ ನಿನಗೇಕೆ ಇಷ್ಟವಿಲ್ಲ ಎಂದು ಹದಿಹರೆಯದ ಮಗ ಕೋರಿ ಕೇಳಿದಾಗ ಅವನ ಉತ್ತರ ಕಠೋರ: ಊಟ, ಬಟ್ಟೆ, ಮನೆ ಕೊಟ್ಟಿದ್ದೇನೆ, ನೀನು ನನ್ನ ಮಗನಾದ್ದರಿಂದ ಅದು ನನ್ನ ಹೊಣೆ, ಇಷ್ಟಪಡಬೇಕೆಂದು ಎಲ್ಲೂ ಬರೆದಿಲ್ಲ. ಟ್ರಾಯ್‌ಗೆ ಹೊಣೆಯ ಭಾಷೆಯೊಂದೇ ಗೊತ್ತು. ಹುಡುಗನಿಗೆ ಬೇಕಿದ್ದದ್ದು ಇನ್ನೊಂದು ಮಾತು.

ಈಗ ಹ್ಯಾನ್ಸ್‌ಬೆರಿಯವರ ಯಂಗರ್ ಕುಟುಂಬ. ಶಿಕಾಗೊದ ಇಕ್ಕಟ್ಟಾದ ಬಾಡಿಗೆ ಮನೆಯಲ್ಲಿ ಐದು ಜನ. ಬಚ್ಚಲು ನೆರೆಯವರೊಂದಿಗೆ ಹಂಚಿಕೊಂಡದ್ದು, ಮೊಮ್ಮಗ ಟ್ರಾವಿಸ್ ಮಲಗುವುದು ಸೋಫಾದ ಮೇಲೆ. 10,000 ಡಾಲರಿನ ಚೆಕ್ಕು ಬಂದಾಗ ಎಲ್ಲರಿಗೂ ಒಂದೊಂದು ಕನಸು. ತಾಯಿ ಲೀನಾ ಅದರಲ್ಲಿ ಮನೆಗೆ ಮುಂಗಡ ಕೊಡುತ್ತಾಳೆ. ಮಗಳ ವೈದ್ಯಕೀಯ ಓದಿಗಿಷ್ಟು ತೆಗೆದಿಡು ಎಂದು ಹೇಳಿ ಉಳಿದದ್ದನ್ನು ಮಗ ವಾಲ್ಟರ್‌ನ ಕೈಗೆ ಒಪ್ಪಿಸುತ್ತಾಳೆ. ಅವನು ಹೆಂಡದ ಅಂಗಡಿಯ ಪಾಲಿಗೆಂದು ಅಷ್ಟನ್ನೂ ಸುರಿದು ಮೋಸ ಹೋಗುತ್ತಾನೆ. ಇವನು ನನ್ನ ಅಣ್ಣನೇ ಅಲ್ಲ ಎನ್ನುತ್ತಾಳೆ ತಂಗಿ ಬೆನೀಥಾ. ಆಗ ಲೀನಾ ಮಗಳನ್ನು ಗದರುವ ರೀತಿ ನೋಡಬೇಕು: ಹೋದ ಹಣಕ್ಕೆ ಮರುಗುವ ನೀನು ಅವನಿಗಾಗಿ ಒಂದು ಹನಿ ಸುರಿಸಿದೆಯಾ ಎಂದು ಕೇಳುತ್ತಾಳೆ. ಗಂಡನ ಜೀವಮಾನದ ದುಡಿಮೆಯನ್ನು ಕಳೆದವನ ಪರವಾಗಿ ನಿಂತು ಇದನ್ನು ಕೇಳುತ್ತಿದ್ದಾಳೆ. ವಿಲ್ಲಿ ಲೋಮನ್ ಇಂಥ ಒಂದು ಮಾತನ್ನು ಕೇಳಿದ್ದರೆ ಬದುಕಿರುತ್ತಿದ್ದ ಎಂದು ನನಗೆ ಅನಿಸುತ್ತದೆ.

ಯಂಗರ್ ಮನೆಯವರು ಕಪ್ಪು ಜನ, ಹೊಸ ಮನೆ ಇರುವುದು ಬಿಳಿಯರ ಬಡಾವಣೆಯಲ್ಲಿ. ಅಲ್ಲಿಗೆ ಬರಬೇಡಿ, ಬದಲಿಗೆ ಹಣ ಕೊಡುತ್ತೇವೆ ಎಂದು ಬಡಾವಣೆಯ ಸಂಘದವನು ಬರುತ್ತಾನೆ. ಎಲ್ಲ ಕಳೆದುಕೊಂಡ ವಾಲ್ಟರ್ ಮೊದಲು ಒಪ್ಪಿಯೇಬಿಟ್ಟಿದ್ದ. ಟ್ರಾವಿಸ್ ನೋಡುತ್ತ ನಿಲ್ಲಲಿ ಎನ್ನುತ್ತಾಳೆ ಲೀನಾ. ಮಗನ ಕಣ್ಣೆದುರು ವಾಲ್ಟರ್‌ನ ನಾಲಿಗೆ ತಿರುಗುತ್ತದೆ: ಈ ಮನೆಯನ್ನು ನಮಗೆ ದುಡಿದು ಕೊಟ್ಟವನು ನನ್ನ ಅಪ್ಪ, ನಾವು ಅಲ್ಲಿಗೇ ಹೋಗುತ್ತೇವೆ. ಸತ್ತ ಅಪ್ಪನಿಂದ ಬಂದ ಹಣ ಹೆಚ್ಚಿನಂಶ ಹೋಗಿದ್ದರೂ ಅಪ್ಪ ಆಗ ಆ ಮನೆಗೆ ಮರಳುತ್ತಾನೆ.

ಇದು ಸುಖಾಂತವಲ್ಲ ಎಂದು ಹ್ಯಾನ್ಸ್‌ಬೆರಿಯವರಿಗಿಂತ ಚೆನ್ನಾಗಿ ಬಲ್ಲವರು ಯಾರು? 1937ರಲ್ಲಿ, ಅವರು ಪುಟ್ಟ ಹುಡುಗಿಯಾಗಿದ್ದಾಗ, ತಂದೆ ಶಿಕಾಗೊದಲ್ಲಿ ಬಿಳಿಯರ ಬೀದಿಯ ಮನೆಯೊಂದನ್ನು ಕೊಂಡಿದ್ದರು. ಜನ ಗುಂಪುಗೂಡಿ ಕಿಟಕಿಗೆ ಎಸೆದದ್ದು ಹುಡುಗಿಗೆ ತಾಗುವುದು ಸ್ವಲ್ಪದರಲ್ಲಿ ತಪ್ಪಿತು. ತಂದೆ ವಕೀಲರೊಂದಿಗೆ ಹೋರಾಡುತ್ತಿದ್ದಾಗ ತಾಯಿ ಗುಂಡು ತುಂಬಿದ ಪಿಸ್ತೂಲು ಹಿಡಿದು ರಾತ್ರಿಯಿಡೀ ಮಕ್ಕಳನ್ನು ಕಾಯುತ್ತಿದ್ದರು. ಮೊಕದ್ದಮೆ ಸುಪ್ರೀಂ ಕೋರ್ಟಿನ ತನಕ ಹೋಗಿ, 1940ರಲ್ಲಿ ತೀರ್ಪು ಅವರ ತಂದೆಯ ಕಡೆಗಾಯಿತು.