ಖಾಲಿ ಎಲೆ

ಮಾಳಮಡ್ಡಿಯಲ್ಲಿ ನಮ್ಮ ಕೇರಿಯ ಗೆಳೆಯನ ಮದುವೆ. ಹುಡುಗಿ ಬೇರೆ ಜಾತಿಯವಳು. ಬರುತ್ತೇವೆಂದಿದ್ದ ಅವಳ ಬಳಗ ಎರಡು ದಿನ ಮುಂಚೆ ಫೋನಿನಲ್ಲಿ ಹೇಳಿತು: 'ಭಾಳ ದೂರ ಆಕ್ಕೈತಿ, ಬರಾಕ ಆಗಂಗಿಲ್ಲ.' ಧಾರವಾಡದಲ್ಲಿ ರೈಲಿಳಿದರೆ ನಡೆದು ಬರುವಷ್ಟೇ ಹಾದಿ. ದೂರವೆನಿಸಿದ್ದು ನಮ್ಮ ಪಂಕ್ತಿ.

ಹುಗ್ಗಿಗೆ ಗೋಧಿ ಕುಟ್ಟಿಯಾಗಿತ್ತು. ಕಾಲು ಹಿಡಿದು ಕರೆಯಬೇಕೆ? ಮದುವೆಯನ್ನೇ ಸಣ್ಣದು ಮಾಡಬೇಕೆ?

1936ರಲ್ಲಿ ಲಾಹೋರಿನ ಜಾತ್‌ಪಾತ್ ತೋಡಕ್ ಮಂಡಲ ಬಾಬಾಸಾಹೇಬರನ್ನು ಅಧ್ಯಕ್ಷತೆಗೆ ಕರೆದು, ಭಾಷಣ ಓದಿ ಅಂಜಿ, ಸಮ್ಮೇಳನವನ್ನೇ ರದ್ದು ಮಾಡಿತು. ಅವರು ಮಾತು ಬದಲಿಸಲಿಲ್ಲ. ಸ್ವಂತ ಖರ್ಚಿನಲ್ಲಿ ಅಚ್ಚು ಹಾಕಿಸಿದರು. ಜಾತಿಗೆ ಅಂತರ್ಜಾತಿ ವಿವಾಹವೇ ಮದ್ದು ಎಂದದ್ದು ಅದೇ ಭಾಷಣ. ಬಾರದಿರುವ ಹಕ್ಕು ಅತಿಥಿಗಿದೆ. ಅದಕ್ಕಾಗಿ ನಾವು ತಲೆ ತಗ್ಗಿಸಬೇಕಿಲ್ಲ.

ಆದರೆ ನಮ್ಮವರೇ ಒಬ್ಬರು, 'ಉಳದದ್ದು ಕೆಲಸದವರಿಗೆ ಕೊಟ್ಟರಾತು' ಅಂದರು. ಎದೆ ಚುರುಕ್ಕೆಂದಿತು. ಊರ ಮದುವೆಗಳ ಹಿತ್ತಲಲ್ಲಿ ನಮ್ಮವ್ವಂದಿರು ಬುಟ್ಟಿ ಹಿಡಿದು ನಿಂತದ್ದು ಇಂಥ ಮಾತಿಗೇ ಅಲ್ಲವೆ? ಹಂದರ ಹಾಕಿದವರನ್ನು, ನೀರು ಹೊತ್ತವರನ್ನು ನಾವೂ ಕರೆದಿರಲಿಲ್ಲ. ಖಾಲಿ ಎಲೆ ಅವರ ಜಾತಿಯನ್ನು ತೋರಿಸಿತು. ನಮ್ಮೊಳಗಿನ ಒಡೆಯನನ್ನೂ ತೋರಿಸಿತು.

ಅವರ ಮನೆಗಳಿಗೆ ಹೋದೆವು. 'ತಪ್ಪಾತು, ಮೊದಲ ಕರೀಬೇಕಿತ್ತು' ಎಂದೆವು. ಮೊದಲ ಪಂಕ್ತಿಗೆ ಕೂರಿಸಿದೆವು.

ಗೆಳೆಯರೇ, ಮುಂದಿನ ಮದುವೆಯ ಯಾದಿಯನ್ನು ಯಾರ ಹೆಸರಿನಿಂದ ಸುರು ಮಾಡೋಣ?